ಒಂಬತ್ತು ಬಾವಿಯ ಗಾಜು

ಎಲ್ಲಿ ಅಂತ ಕೇಳಬೇಡಿ, ಯಾವ ಕಾಲದಲ್ಲಿ ಅಂತಲೂ ಕೇಳಬೇಡಿ. ಕೇಳಿದರೆ ನಾನು ಸುಳ್ಳು ಹೇಳಬೇಕಾಗುತ್ತದೆ. ಒಂದು ಊರಿತ್ತು, ಆ ಊರಿನ ಕಿಟಕಿ ಗಾಜುಗಳಲ್ಲಿ ಆಟಗಳಿದ್ದವು. ಗುಡ್ಡದ ಮೇಲೊಂದು ದೊಡ್ಡ ಕನ್ನಡಿ. ಆ ಕನ್ನಡಿಯ ಬೆಳಕು ಗಾಜಿನ ಮೇಲೆ ಬಿತ್ತೆಂದರೆ ಒಳಗಿನ ಗೆರೆಗಳು ಕೈಕಾಲು ಆಡಿಸುತ್ತಿದ್ದವು. ಹೆಬ್ಬೆಟ್ಟು ಒತ್ತಿ ಎತ್ತ ಎಳೆದರೆ ಅತ್ತ ಓಡುತ್ತಿದ್ದವು, ಹಳ್ಳ ಹಾರುತ್ತಿದ್ದವು, ಬೀಳುತ್ತಿದ್ದವು, ಮತ್ತೆ ಏಳುತ್ತಿದ್ದವು. ಇಡೀ ಊರು ಅನ್ನ ನೀರು ಬಿಟ್ಟು ಕಿಟಕಿ ಮುಂದೆ ಕೂತಿತ್ತು ಅಂದರೆ ಜಾಸ್ತಿಯಾಯಿತು. ಆದರೆ ಆ ದಿನಗಳಲ್ಲಿ ಒಲೆ ಮೇಲಿನ ಹಾಲು ಉಕ್ಕದ ಮನೆ ಒಂದೂ ಇರಲಿಲ್ಲ.

ಆಟಗಳೆಲ್ಲ ಬಂದದ್ದು ಹೊಳೆಯ ಆಚೆ ದಡದಿಂದ. ಆಚೆ ದಡದ ಮಾತು ಈಚೆಯವರಿಗೆ ಒಂದಕ್ಷರ ಬಾರದು. ಅದಕ್ಕೆಂದೇ ಊರಲ್ಲಿ ಕೆಲವರಿದ್ದರು, ನುಡಿ ತಿರುವುವವರು. ಅವರನ್ನು ಯಾರೂ ಕರೆದು ಹೇಳಿದ್ದಲ್ಲ, ಯಾರೂ ಶಾಲು ಹೊದಿಸಿದ್ದೂ ಇಲ್ಲ. ಹೊಲಿಗೆ ಸೂಜಿ ಹಿಡಿದು ಗಾಜಿನೊಳಗಿನ ಆಚೆ ದಡದ ಅಕ್ಷರ ಕೆರೆದು ತೆಗೆದು, ಆ ಜಾಗದಲ್ಲಿ ಊರಿನ ಅಕ್ಷರ ಬರೆಯುತ್ತಿದ್ದರು. ಅವರ ಕೈಗೆ ಸಿಕ್ಕ ಮೇಲೆ ಆಚೆ ದಡದ ಕಪ್ಪೆ ನಮ್ಮೂರ ಸೋದರತ್ತೆಯ ಹಾಗೆ ಬೈಯುತ್ತಿತ್ತು. ಆಚೆ ದಡದ ಭೂತ ನಮ್ಮೂರ ಶಾನುಭೋಗನ ಹಾಗೆ ‘ನಾಳೆ ಬಾ’ ಅನ್ನುತ್ತಿತ್ತು. ಕೆಲಸ ಮುಗಿದ ಮೇಲೆ ಆಟದ ಕಟ್ಟಕಡೆಯಲ್ಲಿ ತಮ್ಮದೇ ಒಂದು ಮಾತು ಬರೆದಿಡುವುದು ಅವರಲ್ಲಿ ರೂಢಿ. ಕೊನೆಯವರೆಗೆ ಆಡಿದವರಿಗೆ ಮಾತ್ರ ಅದು ಕಾಣುತ್ತಿತ್ತು.

ಇನ್ನು ಆ ಊರಿನ ಕಟ್ಟಳೆ. ಎಚ್ಚರವಾದ ಗಾಜನ್ನು ವರ್ಷದೊಳಗೆ ಒಮ್ಮೆಯಾದರೂ ಯಾರಾದರೂ ಮೊದಲಿಂದ ಕೊನೆಯವರೆಗೆ ಆಡಬೇಕು. ವರ್ಷದ ಕೊನೆಯ ಹಗಲು ಮುಳುಗುವ ಹೊತ್ತಿಗೆ ಆಡಿ ಮುಗಿಸದಿದ್ದರೆ ಗಾಜು ಕುರುಡಾಗುತ್ತದೆ. ಕುರುಡಾದ ಗಾಜು ಬರೀ ಗಾಜು, ಕೋಳಿಗೂಡಿನ ಬಾಯಿಗೆ ಅಡ್ಡ ಇಡಬಹುದು, ಅಷ್ಟೇ. ಒಬ್ಬರೇ ಆಡಬೇಕು ಅಂತೇನೂ ಇಲ್ಲ. ಒಬ್ಬರು ನಿಲ್ಲಿಸಿದ ಕಡೆ ಅವರ ಹೆಬ್ಬೆಟ್ಟಿನ ಗುರುತು ಗಾಜಿನ ಮೇಲೆ ಉಳಿಯುತ್ತದೆ. ಆ ಗುರುತಿನ ಮೇಲೆ ಇನ್ನೊಬ್ಬರು ಹೆಬ್ಬೆಟ್ಟಿಟ್ಟು ಮುಂದುವರಿಸಬಹುದು. ಗುರುತು ಅಳಿಸಿದರೆ ಆಟ ಮೊದಲಿಗೇ ಹೋಗಿ ಕೂರುತ್ತದೆ. ಅದಕ್ಕೇ ಆ ಊರಲ್ಲಿ ಮದುವೆ ಮನೆಯಾದರೂ ಸರಿ, ಕಿಟಕಿ ಗಾಜು ಒರೆಸುತ್ತಿರಲಿಲ್ಲ.

ಒಂದು ದಿನ ಗುಡ್ಡದ ಮೇಲಿನವರು ಡಂಗುರ ಹೊಡೆಸಿ, ದೊಡ್ಡ ಕನ್ನಡಿ ಹಳೆಯದಾಯಿತು, ಇಳಿಸುತ್ತೇವೆ ಅಂದರು. ಹೊಸ ಕನ್ನಡಿ ಬಂತು, ಹೊಸ ಗಾಜು ಬಂತು. ಹೊಸ ಬೆಳಕಿಗೆ ಹಳೆಯ ಆಟಗಳು ಮೈ ಬಿಚ್ಚಲಿಲ್ಲ, ಹಾಗೇ ನಿದ್ದೆ ಹೋದವು. ಜನ ನಾಲ್ಕು ದಿನ ಅಯ್ಯೋ ಅಂದರು, ಐದನೇ ದಿನ ಹಳೆ ಗಾಜು ಕಿತ್ತು ಹಿತ್ತಲಿಗೆ ಎಸೆದರು.

ಹಿತ್ತಲಿಂದ ಹಿತ್ತಲಿಗೆ ಹೋಗಿ ಆ ಗಾಜುಗಳನ್ನು ಹೆಕ್ಕಿದವಳು ಒಬ್ಬಳೇ. ಊರು ಅವಳನ್ನು ಕಾಯುವವಳು ಅಂತ ಕರೆಯಿತು. ಕನ್ನಡಿ ಉಜ್ಜುವವನೊಬ್ಬ ಸಾಯುವ ಮುಂಚೆ ಅವಳಿಗೆ ಅಂಗೈಯಗಲದ ಕನ್ನಡಿಯೊಂದನ್ನು ಮಾಡಿಕೊಟ್ಟಿದ್ದ. ಥೇಟು ಹಳೆ ದೊಡ್ಡ ಕನ್ನಡಿಯ ಬೆಳಕೇ, ಆದರೆ ಚಿಕ್ಕದು. ಒಂದು ಸಲಕ್ಕೆ ಒಂದೇ ಗಾಜು. ಅವಳು ಊರಾಚೆಯ ಕೊಟ್ಟಿಗೆಯಲ್ಲಿ ಹುಲ್ಲು ಹಾಸಿ ಗಾಜುಗಳನ್ನು ಜೋಡಿಸಿದಳು, ಮುನ್ನೂರ ಹನ್ನೆರಡು. ದಿನಾ ಬೆಳಿಗ್ಗೆ ಹುಲ್ಲಿನಿಂದ ಒಂದು ಗಾಜು ತೆಗೆಯುವಳು, ಬಿಸಿಲಿಗೆ ಕನ್ನಡಿ ಹಿಡಿಯುವಳು, ಹೆಬ್ಬೆಟ್ಟು ಒತ್ತುವಳು. ಮುಗಿಸಿದ್ದನ್ನು ಹುಲ್ಲಿಗೆ ಮರಳಿಸಿ ಇನ್ನೊಂದು ತೆಗೆಯುವಳು. ಹುಚ್ಚಿ ಅಂದವರಿಗೆ ಅವಳು ಉತ್ತರ ಕೊಡಲಿಲ್ಲ. ಆಡುವ ಕೆಲಸವೇ ಅಷ್ಟಿತ್ತು.

ಹೀಗೆ ಇಪ್ಪತ್ತು ವರ್ಷ ಕಳೆದ ಮೇಲೆ, ಒಂದು ವರ್ಷದ ಮೊದಲಲ್ಲಿ ಒಂದು ಕೋಳಿಗೂಡಿನ ಬಾಯಲ್ಲಿ ಅವಳಿಗೆ ಒಂಬತ್ತು ಬಾವಿಯ ಗಾಜು ಸಿಕ್ಕಿತು. ಅಷ್ಟು ದಿನ ನಿದ್ದೆಯಲ್ಲೇ ಇದ್ದದ್ದರಿಂದ ಕುರುಡಾಗಿರಲಿಲ್ಲ, ಅವಳು ಕನ್ನಡಿ ಹಿಡಿದ ಮೇಲೆ ಎಚ್ಚರವಾಯಿತು. ಒಂದು ಕಾಲಕ್ಕೆ ಇಡೀ ಊರು ಆಡಿದ ಆಟ. ಕೆಂಪು ಟೊಪ್ಪಿಯ ಪುಟಾಣಿಯೊಂದು, ಊರ ಬಾಯಲ್ಲಿ ಬರೀ ಟೊಪ್ಪಿ, ತನ್ನ ದನಿ ಕಳೆದುಕೊಂಡು, ಹುಡುಕುತ್ತ ಒಂಬತ್ತು ಬಾವಿ ಇಳಿಯುತ್ತದೆ. ಉದ್ದದ ಆಟ, ಕಷ್ಟದ ಆಟ. ಒಬ್ಬರೇ ಆಡಿದರೆ ಬಾವಿಗೊಂದು ದಿನ ಬೇಕು. ಕಾಯುವವಳು ಚಿಕ್ಕಂದಿನಲ್ಲಿ ಎರಡನೇ ಬಾವಿಯ ಕಪ್ಪೆಯ ಹತ್ತಿರ ಬೈಸಿಕೊಂಡು ಬೈಸಿಕೊಂಡು ಅಲ್ಲೇ ಉಳಿದವಳು. ಈಗಲೂ ಅವಳು ದಾಟಿದ್ದು ಎರಡೇ. ಮಿಕ್ಕಿದ್ದೆಲ್ಲ ದಾರಿಹೋಕರ ಪುಣ್ಯ. ಕೊಟ್ಟಿಗೆಯ ನೆರಳಿಗೆ ಬಂದವರು, ನೀರು ಕೇಳಲು ಬಂದವರು, ಹೆಬ್ಬೆಟ್ಟಿಟ್ಟು ಒಂದಿಷ್ಟು ದೂರ ಟೊಪ್ಪಿಯನ್ನು ನಡೆಸಿ ಹೋದರು. ವರ್ಷ ಮುಗಿಯುತ್ತ ಬಂದಾಗ ಟೊಪ್ಪಿ ಎಂಟನೇ ಬಾವಿಯ ತಳದಲ್ಲಿ ನಿಂತಿತ್ತು.

ಆ ಆಟದ ನುಡಿ ತಿರುವಿದವನು ಇನ್ನೂ ಬದುಕಿದ್ದ. ಊರ ಕೊನೆಯ ಮನೆಯ ನುಡಿಯಜ್ಜ, ಅವರಲ್ಲಿ ಉಳಿದವನು ಅವನೊಬ್ಬನೇ. ಕಣ್ಣು ಮಂಜಾಗಿತ್ತು. ಇಪ್ಪತ್ತನೇ ವಯಸ್ಸಿನಲ್ಲಿ ಆ ಗಾಜಿನ ಕೊನೆಯಲ್ಲಿ ಏನು ಬರೆದಿದ್ದೆ ಅನ್ನುವುದು ಅವನಿಗೆ ಮರೆತೇಹೋಗಿತ್ತು. ಅವತ್ತು ನಾನು ಹ್ಯಾಗಿದ್ದೆ ಅಂತ ಆ ಒಂದು ಮಾತಿನಿಂದ ಗೊತ್ತಾಗುತ್ತೆ, ಸಾಯೋದರೊಳಗೆ ಅದನ್ನೊಂದು ಓದಿ ಹೇಳು ತಾಯಿ, ಅಂತ ಅವನು ಕಾಯುವವಳನ್ನು ಕೇಳಿಕೊಂಡಿದ್ದ. ಅವಳು ಆಗಲಿ ಅಂದಿದ್ದಳು.

ವರ್ಷದ ಕೊನೆಯ ಹಗಲಿಗೆ ಒಂದು ದಿನ ಮುಂಚೆ ಊರ ಯಜಮಾನ ಕೊಟ್ಟಿಗೆ ನೋಡಲು ಬರುತ್ತಾನೆ ಅಂತ ಸುದ್ದಿ ಬಂತು. ಇದು ಭಂಡಾರವೋ ಗುಜರಿಯೋ ನೋಡಿ, ಗುಜರಿಯಾದರೆ ಎತ್ತಂಗಡಿ ಮಾಡಿಸುವುದು ಅಂತ ಅವನ ಲೆಕ್ಕ. ಕಾಯುವವಳು ಕೊಟ್ಟಿಗೆ ಸಾರಿಸಿದಳು, ಹುಲ್ಲು ಬದಲಾಯಿಸಿದಳು, ಎಲ್ಲಕ್ಕಿಂತ ಚೆಂದದ ಗಾಜನ್ನು ಎದುರಿಗೆ ನಿಲ್ಲಿಸಿದಳು. ಅದು ಒಂಬತ್ತು ಬಾವಿಯದೇ. ಅದರ ಮೇಲೆಲ್ಲ ಜನರ ಬೆರಳಿನ ಜಿಡ್ಡು. ಯಜಮಾನ ಏನಂದುಕೊಂಡಾನು ಅಂತ ಸೆರಗಿಗೆ ಬೂದಿ ಹಚ್ಚಿ ಗಸಗಸ ಉಜ್ಜಿದಳು. ಗಾಜು ಫಳಫಳ ಅಂದಿತು. ಇಪ್ಪತ್ತು ವರ್ಷ ಗಾಜು ಕಾದವಳೇ ಮಾಡಬಹುದಾದ ತಪ್ಪು ಅದು. ಬೇರೆಯವರಾಗಿದ್ದರೆ ಗಾಜನ್ನು ಮುಟ್ಟುವ ಗೋಜಿಗೇ ಹೋಗುತ್ತಿರಲಿಲ್ಲ.

ಯಜಮಾನ ಬಂದ, ನೋಡಿದ. ಇದೇ ಆಟ ಹೊಸದಾಗಿ ಮಾಡಿದ ಗಾಜಲ್ಲೂ ಬರುತ್ತಲ್ಲಮ್ಮ, ಇನ್ನೂ ಥಳಥಳ ಅಂತ, ಅಂದ. ಬರುತ್ತೆ ಯಜಮಾನರೇ, ಆದರೆ ಅಲ್ಲಿನ ಕಪ್ಪೆಗೆ ನಮ್ಮ ಮಾತು ಬರಲ್ಲ, ಅಂದಳು. ಅವನು ಗಾಜಿನೊಳಗೆ ಗೆರೆಗೆರೆಯಾಗಿ ಕಾಣುತ್ತಿದ್ದ ನಾಲ್ಕನೇ ಬಾವಿಯ ಗಂಟೆಗಳ ಕಡೆ ಸ್ವಲ್ಪ ಹೊತ್ತು ನೋಡಿದ, ಏನೋ ಹೇಳಲು ಹೋಗಿ ಸುಮ್ಮನಾದ, ಕೊಟ್ಟಿಗೆ ಇದ್ದ ಹಾಗೇ ಇರಲಿ ಅಂತ ಹೊರಟುಹೋದ. ಕಾಯುವವಳು ಆವತ್ತು ಹೊಟ್ಟೆ ತುಂಬ ಉಂಡಳು.

ಮರುದಿನ ಬೆಳಿಗ್ಗೆ ಗಾಜು ತೆಗೆದಳು, ಬಿಸಿಲಿಗೆ ಕನ್ನಡಿ ಹಿಡಿದಳು, ಹೆಬ್ಬೆಟ್ಟು ಒತ್ತಲು ಹೋದಳು. ಟೊಪ್ಪಿ ಎಂಟನೇ ಬಾವಿಯಲ್ಲಿ ಇರಲಿಲ್ಲ. ಮೊದಲನೇ ಬಾವಿಯ ಕಟ್ಟೆಯ ಮೇಲೆ, ಏನೂ ಆಗೇ ಇಲ್ಲ ಅನ್ನುವ ಹಾಗೆ, ಕಾಲು ಇಳಿಬಿಟ್ಟು ಕೂತಿತ್ತು. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು ಅಂತಾರಲ್ಲ, ಹಾಗಾಯಿತು ಅವಳ ಗತಿ. ಒಂಬತ್ತು ಬಾವಿ, ಒಂದು ಹಗಲು. ಅವಳು ಅಲ್ಲೇ ಕುಸಿದು ಕೂತು ಅತ್ತಳು. ಆಮೇಲೆ ಅಳುತ್ತ ಕೂತರೆ ಬಿಸಿಲು ಕಾಯುತ್ತದೆಯೇ ಅಂತ ಎದ್ದಳು.

ನೇರ ನುಡಿಯಜ್ಜನ ಮನೆಗೆ ಹೋಗಿ, ಆದದ್ದನ್ನು ಮುಚ್ಚುಮರೆಯಿಲ್ಲದೆ ಹೇಳಿ, ಏನಾದರೂ ಅಡ್ಡದಾರಿ ಉಂಟೇ ಅಂತ ಕೇಳಿದಳು. ಅಜ್ಜ ತುಂಬ ಹೊತ್ತು ಗಡ್ಡ ತುರಿಸಿಕೊಂಡ. ಅಡ್ಡದಾರಿ ಇತ್ತು, ಆದರೆ ಅದು ನುಡಿ ತಿರುವುವವರು ಹೊರಗಿನವರಿಗೆ ಹೇಳದ ಗುಟ್ಟು. ಬರೆದ ಅಕ್ಷರ ಸರಿಯಾಗಿ ಕೂತಿದೆಯೋ ಇಲ್ಲವೋ ನೋಡಲು ಪ್ರತಿಸಲ ಒಂಬತ್ತು ಬಾವಿ ಇಳಿಯಲು ಯಾರಿಗೆ ಸಾಧ್ಯ? ಅದಕ್ಕೆ ನುಡಿ ತಿರುವುವವರೆಲ್ಲ ಗಾಜಿನ ಮೂಲೆಯಲ್ಲಿ ತಮಗಾಗಿ ಒಂದು ಕಳ್ಳದಾರಿ ಕೊರೆದುಕೊಳ್ಳುತ್ತಿದ್ದರಂತೆ. ಎಡಗಡೆ ಕೆಳಮೂಲೆಗೆ ಮೂರು ಸಲ ಒತ್ತಿದರೆ ಸಾಕು, ಟೊಪ್ಪಿ ಸೀದಾ ಕೊನೆಗೆ ಹೋಗಿ ನಿಲ್ಲುತ್ತದೆ. ಆದರೆ ಗಾಜು ಅದನ್ನು ಆಟ ಅಂತ ಒಪ್ಪುವುದಿಲ್ಲ. ಅಲ್ಲದೆ ಕಳ್ಳದಾರಿ ಹಿಡಿದ ದಿನ ಮತ್ತೆ ಮೊದಲಿಂದ ಆಡಲೂ ಬಿಡುವುದಿಲ್ಲ. ಕೊನೆಯ ಮಾತು ಓದಬಹುದು. ಸಂಜೆಗೆ ಗಾಜು ಕುರುಡಾಗುತ್ತದೆ.

“ಒತ್ತಿಬಿಡು ತಾಯಿ,” ಅಂದ ಅಜ್ಜ. “ನನಗೆ ಆ ಒಂದು ಮಾತು ಕೇಳಿಸಿದ್ರೆ ಸಾಕು. ಆಟ ಹೋದ್ರೆ ಹೋಗ್ಲಿ. ಅದನ್ನ ತಿರುವಿದೋನು ನಾನು, ನಾನೇ ಹೇಳ್ತಾ ಇದೀನಿ.”

 ಮಂಜುಗಣ್ಣಿನ ಮುದುಕ, ಕೇಳಿದ್ದು ಒಂದೇ ಒಂದು. ಅವಳು ಬಾಗಿಲ ಚೌಕಟ್ಟು ಹಿಡಿದು ನಿಂತಳು.

“ಮಾತು ನಿಮ್ಮದು ಅಜ್ಜಾ. ಆಟ ನಿಮ್ಮೊಬ್ಬರದಲ್ಲ,” ಅಂದಳು. “ಆಡಿ ಮುಗಿಸಿದ್ರೆ ಎರಡೂ ಉಳಿಯುತ್ತೆ. ನಾನು ಆಡ್ತೀನಿ.”

ಆಡಿ ಮುಗಿಸೋಕಾಗದೆ ಹೋದರೆ ಎರಡೂ ಹೋಗುತ್ತಲ್ಲೇ, ಅಂತ ಅಜ್ಜ ಕೂಗಿಕೊಂಡ. ಹೌದು, ಹೋಗುತ್ತದೆ. ಅವಳಿಗೂ ಗೊತ್ತಿತ್ತು. ಅಜ್ಜ ಮುಖ ತಿರುಗಿಸಿಕೊಂಡು ಕೂತ, ಅವಳು ಹೊರಟಳು.

ಮೊದಲ ಎರಡು ಬಾವಿ ಅವಳೇ ದಾಟಿದಳು. ಕಪ್ಪೆ ಎಂದಿನಂತೆ, ಬಂದ್ಯಾ ಮೂದೇವಿ, ಕಾಲು ತೊಳೆದು ಒಳಗೆ ಬಾ, ಅಂತ ಬೈಯಿತು. ಅದರ ಬೈಗುಳ ಕೇಳಿ ಕೈಗೆ ಸ್ವಲ್ಪ ಧೈರ್ಯ ಬಂತು. ಎರಡನ್ನೂ ದಾಟಿದಾಗ ಬಿಸಿಲಿನ್ನೂ ಎಳೆಯದು. ಆಗ ಅವಳಿಗೆ ಒಂದು ಹೊಳೆಯಿತು. ಈ ಎರಡನೇ ಬಾವಿ ನನಗೇಕೆ ಇಷ್ಟು ಬೇಗ ದಾಟಲು ಬಂತು? ಚಿಕ್ಕಂದಿನಲ್ಲಿ ಇಲ್ಲೇ ನೂರು ಸಲ ಬಿದ್ದಿದ್ದೇನಲ್ಲ, ಅದಕ್ಕೆ. ಸಲೀಸಾಗಿ ನಡೆದ ದಾರಿ ಮರೆತುಹೋಗುತ್ತದೆ, ಬಿದ್ದ ಜಾಗ ಸಾಯುವವರೆಗೂ ಮರೆಯುವುದಿಲ್ಲ. ಹಾಗಾದರೆ ಈ ಊರಲ್ಲಿ ಪ್ರತಿ ಬಾವಿಗೂ ಒಬ್ಬರು ಬಿದ್ದವರು ಇರಲೇಬೇಕು.

ಅವಳು ಗಾಜನ್ನು ಹೆಬ್ಬೆಟ್ಟಿನ ಗುರುತು ಅಳಿಯದಂತೆ ಎದೆಗೆ ಆನಿಸಿಕೊಳ್ಳದೆ, ಎರಡೂ ಅಂಗೈ ಮೇಲೆ ಮುದ್ದೆ ತಟ್ಟೆ ಹಿಡಿದ ಹಾಗೆ ಹಿಡಿದು ಪೇಟೆ ಬೀದಿಗೆ ಬಂದಳು. ಎದುರಾದವರನ್ನೆಲ್ಲ ಕೇಳಿದ್ದು ಒಂದೇ ಪ್ರಶ್ನೆ, ನೀವು ಯಾವ ಬಾವಿಯಲ್ಲಿ ಸಿಕ್ಕಿಬಿದ್ದಿದ್ರಿ? ಕೆಲವರು ನಕ್ಕರು. ಕೆಲವರು ಕೆಲಸ ಇಲ್ವಾ ಅಂದರು. ಹೂ ಕಟ್ಟುವವಳು ಮಾತ್ರ ಕೈಲಿದ್ದ ದಾರ ಹಾಗೇ ಹಿಡಿದು ತಲೆಯೆತ್ತಿದಳು. ಮೂರನೇದು, ಏಡಿ ಇರೋದು, ಹಾಳಾದ್ದು ನನ್ನ ಪ್ರಾಣ ತಿಂದಿತ್ತು, ಅಂದಳು. ಮಾತು ಮುಗಿಯುವ ಮೊದಲೇ ಎದ್ದು ನಿಂತಿದ್ದಳು.

ಹೀಗೆ ಶುರುವಾಯಿತು. ಅವಳ ಹಿಂದೆ ಚೌರದವನು ಬಂದ, ಐದನೇ ಬಾವಿಯವನು. ಆರನೆಯದಕ್ಕೆ ಮೇಷ್ಟ್ರು, ಏಳಕ್ಕೆ ಸೂಲಗಿತ್ತಿ. ಎಂಟನೆಯದರ ತನಕ ಹೋಗಿ ಸಿಕ್ಕಿಬಿದ್ದ ಗಟ್ಟಿಗ ದೋಣಿಯವನು, ಅವನನ್ನು ಹೊಳೆಯಿಂದ ಕೂಗಿ ಕರೆಸಿದರು. ನಾಲ್ಕನೇ ಬಾವಿಗೆ ಯಾರೂ ಸಿಗಲಿಲ್ಲ. ಅದು ಗಂಟೆಗಳ ಬಾವಿ. ಸರಿಯಾದ ಗಂಟೆ ತಟ್ಟದಿದ್ದರೆ ಟೊಪ್ಪಿ ಮೇಲಕ್ಕೆ ಎಗರಿಬೀಳುತ್ತದೆ. ಎಲ್ಲರೂ ಕೊಟ್ಟಿಗೆಗೆ ಬಂದು ಗಾಜಿನ ಸುತ್ತ ಕೂತರು, ಹೂ ಕಟ್ಟುವವಳು ತನ್ನ ಏಡಿಯನ್ನು ಬೈದುಕೊಂಡೇ ದಾಟಿಸಿ ಮುಗಿಸಿದಾಗ ಮಧ್ಯಾಹ್ನವಾಗಿತ್ತು. ನಾಲ್ಕರಲ್ಲಿ ಎಲ್ಲರೂ ಪ್ರಯತ್ನಪಟ್ಟರು, ಎಲ್ಲರೂ ಎಗರಿಬಿದ್ದರು.

ಕಾಯುವವಳಿಗೆ ಆಗ ನೆನಪಾಯಿತು, ಹಿಂದಿನ ದಿನ ಆ ಗಂಟೆಗಳನ್ನು ನೋಡಿ ಏನೋ ಹೇಳಹೊರಟು ಸುಮ್ಮನಾದ ಮುಖ. ಅವಳು ಯಜಮಾನನ ಚಾವಡಿಗೆ ಹೋದಳು. ಪಂಚಾಯ್ತಿ ನಡೆಯುತ್ತಿತ್ತು. ಹತ್ತು ಜನರ ಮುಂದೆ ನಿಂತು ಅದೇ ಪ್ರಶ್ನೆ ಕೇಳಿದಳು.  ಯಜಮಾನ ರುಮಾಲು ತೆಗೆದು ಪಕ್ಕಕ್ಕಿಟ್ಟ. ನಾಲ್ಕನೇದು, ಅಂದ. ಎದ್ದು ಚಪ್ಪಲಿ ಮೆಟ್ಟಿ ಅವಳ ಹಿಂದೆ ನಡೆದ.

ಅವನ ದಪ್ಪ ಹೆಬ್ಬೆಟ್ಟು ಗಂಟೆಯಿಂದ ಗಂಟೆಗೆ ಹೋದದ್ದನ್ನು ನೋಡಬೇಕಿತ್ತು. ಎಡ, ಬಲ, ಬಲ, ನಡುವೆ ಒಂದು ಬಿಟ್ಟು ಮತ್ತೆ ಎಡ. ಚಿಕ್ಕಂದಿನಲ್ಲಿ ದಾಟಲು ಬಾರದೆ ಬಿಟ್ಟಿದ್ದನ್ನು ನಲವತ್ತು ವರ್ಷ ತಲೆಯಲ್ಲಿ ಆಡುತ್ತಲೇ ಇದ್ದನಂತೆ. ನ್ಯಾಯ ಹೇಳುವಾಗಲೂ ಅದೇ ಯೋಚನೆಯಂತೆ. ಆ ನ್ಯಾಯಗಳೆಲ್ಲ ಏನಾದವೋ ಯಾರಿಗೆ ಗೊತ್ತು, ಬಾವಿಯನ್ನಂತೂ ಒಂದೇ ಉಸಿರಿಗೆ ದಾಟಿಸಿದ.

ಚೌರದವನು ಐದು ದಾಟಿಸಿದ. ಮೇಷ್ಟ್ರು ಆರನ್ನು ದಾಟಿಸಿದರು, ಎರಡು ಸಲ ಬಿದ್ದು. ಸೂಲಗಿತ್ತಿ ಏಳನ್ನು ಮಗು ತೆಗೆಯುವ ನಿಧಾನದಲ್ಲೇ ದಾಟಿಸಿದಳು. ದೋಣಿಯವನು ಎಂಟರಲ್ಲಿ ಬೆವರಿಳಿಸಿದ. ಒಬ್ಬರ ಗುರುತಿನ ಮೇಲೆ ಇನ್ನೊಬ್ಬರ ಹೆಬ್ಬೆಟ್ಟು, ಅದರ ಮೇಲೆ ಮತ್ತೊಬ್ಬರದು. ಕಾಯುವವಳು ಕನ್ನಡಿ ಹಿಡಿದ ಕೈ ಇಳಿಸಲಿಲ್ಲ. ಸೂರ್ಯ ಸರಿದ ಹಾಗೆ ಅವಳೂ ಸರಿದಳು. ನಡುವೆ ಯಾವಾಗಲೋ ನುಡಿಯಜ್ಜ ಕೋಲೂರಿಕೊಂಡು ಬಂದು ಕೊಟ್ಟಿಗೆಯ ಗೋಡೆಗೆ ಒರಗಿ ಕೂತಿದ್ದ. 

ಒಂಬತ್ತನೇ ಬಾವಿಗೆ ಟೊಪ್ಪಿ ಇಳಿದಾಗ ಸೂರ್ಯ ಗುಡ್ಡಕ್ಕೆ ಮೊಳದಷ್ಟು ದೂರವಿದ್ದ. ಆ ಬಾವಿಯಲ್ಲಿ ಸಿಕ್ಕಿಬಿದ್ದವರು ಯಾರೂ ಇರಲಿಲ್ಲ, ಯಾಕೆಂದರೆ ಅಲ್ಲಿದ್ದವರು ಯಾರೂ ಅಲ್ಲಿಯವರೆಗೆ ಬಂದೇ ಇರಲಿಲ್ಲ. ಕಾಯುವವಳು ಕನ್ನಡಿಯನ್ನು ಹೂ ಕಟ್ಟುವವಳ ಕೈಗೆ ಕೊಟ್ಟು ತಾನೇ ಹೆಬ್ಬೆಟ್ಟಿಟ್ಟಳು. ತಳದಲ್ಲಿ ಕತ್ತಲು. ಒಂದು ಮೂಲೆಯಿಂದ ಟೊಪ್ಪಿಯ ದನಿ ಕರೆಯಿತು. ಅತ್ತ ಓಡಿದರೆ ನೆಲ ಮೇಲಕ್ಕೆ ಚಿಮ್ಮಿ ಟೊಪ್ಪಿ ಬಾವಿಯ ಬಾಯಿಗೇ ಬಂದು ಬಿದ್ದಿತು. ಇನ್ನೊಂದು ಮೂಲೆಯಿಂದ ಕರೆಯಿತು, ಓಡಿದಳು, ಬಿದ್ದಳು. ಏಳು ಸಲ ಓಡಿದಳು, ಏಳು ಸಲ ಬಿದ್ದಳು. ಬಿಸಿಲು ಕೆಂಪಾಯಿತು. ಅಕ್ಕಾ ಬೇಗ, ಅಂತ ಚೌರದವನು ಅಂದ. 

ಆಗ ಗೋಡೆಯ ಕಡೆಯಿಂದ ಅಜ್ಜ ಬಾಯಿಬಿಟ್ಟ. ಒಂಬತ್ತನೇ ಬಾವಿಯ ಗೋಡೆ ಮೇಲೆ ಒಂದು ಸಾಲು ಇದೆಯಲ್ಲ, ಅದನ್ನು ನಾನು ತಿರುವಿದ್ದೆ, ನನಗೇ ಅರ್ಥವಾಗಿರಲಿಲ್ಲ, ಇದ್ದ ಹಾಗೇ ಬರೆದಿದ್ದೆ, ಓದು ಅಂದ. ಅವಳು ಓದಿದಳು: ‘ಕರೆದ ಕಡೆಗೆ ಹೋಗಬೇಡ. ಬರುವುದು ಬರಲಿ.’

ಕಾಯುವವಳು ಹೆಬ್ಬೆಟ್ಟು ಎತ್ತಿದಳು.

ಎತ್ತಿ ಸುಮ್ಮನೆ ಕೂತಳು. ಹೇಳುವುದು ಸುಲಭ. ಸೂರ್ಯ ಗುಡ್ಡಕ್ಕೆ ತಾಗುತ್ತಿದ್ದಾಗ, ಇಡೀ ದಿನ ಓಡಿದ ಕೈಯನ್ನು ತೊಡೆಯ ಮೇಲಿಟ್ಟು ಕೂರುವುದಕ್ಕೆ ಎಂಟೆದೆ ಬೇಕು. ದನಿ ಎಡದಿಂದ ಕರೆಯಿತು, ಅವಳು ಹೋಗಲಿಲ್ಲ. ಬಲದಿಂದ ಕರೆಯಿತು, ಹೋಗಲಿಲ್ಲ.  ಸೂರ್ಯ ಅರ್ಧ ಮುಳುಗಿದ. ಕತ್ತಲಿಂದ ಒಂದು ಸಣ್ಣ ಗೆರೆ ತೆವಳಿಕೊಂಡು ಬಂದು ಟೊಪ್ಪಿಯ ಕಾಲಿನ ಹತ್ತಿರ ನಿಂತಿತು, ನಿಧಾನಕ್ಕೆ ಮೈ ಹತ್ತಿತು, ಬಾಯಿಯೊಳಕ್ಕೆ ಇಳಿಯಿತು. ಟೊಪ್ಪಿ ಒಂದು ಕೂಗು ಹಾಕಿತು. ಕೊಟ್ಟಿಗೆಯ ಮೂಲೆ ಮೂಲೆಗೂ ಆ ಕೂಗು ಕೇಳಿಸಿತು, ಗಾಜು ಕಣ್ಣು ಕೋರೈಸುವ ಹಾಗೆ ಬೆಳಗಿತು. ಉಳಿಯಿತು. ಸೂಲಗಿತ್ತಿ ಜೋರಾಗಿ ಅತ್ತುಬಿಟ್ಟಳು.

ಬೆಳಕು ತಣ್ಣಗಾದ ಮೇಲೆ ಸೂಜಿಯಿಂದ ಬರೆದ ಅಕ್ಷರ ಮೂಡಿತು. ಕಾಯುವವಳು ಅಜ್ಜನಿಗೆ ಕೇಳಿಸುವ ಹಾಗೆ ಓದಿದಳು:

“ಇಲ್ಲಿಯವರೆಗೆ ಬಂದವರೇ, ಇದನ್ನು ಯಾರಾದರೂ ಓದುತ್ತಾರೋ ಇಲ್ಲವೋ ಎಂದು ಒಬ್ಬನೇ ಕೂತು ಬರೆದೆ. ನೀವು ಓದಿದಿರಿ. ಇನ್ನು ನಾವಿಬ್ಬರು.”

ಅಜ್ಜ ಕೋಲೂರಿ ಎದ್ದ. ಆಮೇಲೆ, ಇಲ್ಲಿ ಎಷ್ಟು ಜನ ಇದ್ದೀರಿ, ಅಂತ ಕೇಳಿದ. ನಿಮ್ಮನ್ನೂ ಸೇರಿಸಿ ಎಂಟು ಅಂದಳು. ಹಾಗಾದರೆ ‘ಇಬ್ಬರು’ ಅನ್ನುವುದನ್ನು ತಿದ್ದಬಹುದಲ್ಲ, ಅಂತ ಮೇಷ್ಟ್ರು ಮೇಷ್ಟ್ರ ಬುದ್ಧಿ ತೋರಿಸಿದರು. ಬೇಡ, ಅಂದ ಅಜ್ಜ. ಆ ಹುಡುಗನಿಗೆ ಇಬ್ಬರಾಗುವುದೇ ದೊಡ್ಡ ಆಸೆಯಾಗಿತ್ತು, ಅದನ್ನು ಯಾರೂ ಮುಟ್ಟಬೇಡಿ. ಹೇಳುತ್ತ ಹೇಳುತ್ತ ಅವನ ಕಣ್ಣಲ್ಲಿ ನೀರು ಬಂತು, ಒರೆಸಿಕೊಳ್ಳಲಿಲ್ಲ.

ಹೊಸ ವರ್ಷದ ಬೆಳಿಗ್ಗೆ ಕಾಯುವವಳು ಕೊಟ್ಟಿಗೆಯ ಬಾಗಿಲು ತೆಗೆದಾಗ ಅಜ್ಜ ಆಗಲೇ ಹೊರಗೆ ನಿಂತಿದ್ದ. ಮುನ್ನೂರ ಹದಿಮೂರು ಗಾಜು ಮತ್ತೆ ಮೊದಲಿಂದ ಶುರುವಾಗಬೇಕು, ಅವಳು ಸೆರಗು ಸಿಕ್ಕಿಸಿಕೊಂಡೇ ಬಂದಿದ್ದಳು. ಅಜ್ಜ ಸ್ವಲ್ಪ ನಾಚಿಕೊಂಡು ಒಂದು ಗುಟ್ಟು ಹೇಳಿದ. ಆ ಆಟವನ್ನು ಅವನು ಒಂದು ಸಲವೂ ಆಡಿರಲಿಲ್ಲವಂತೆ. ಯಾವಾಗಲೂ ಕಳ್ಳದಾರಿಯಲ್ಲೇ ಹೋಗಿ ಅಕ್ಷರ ನೋಡಿ ಬಂದವನು.

ಅವಳು ಹುಲ್ಲಿನಿಂದ ಗಾಜು ತೆಗೆದಳು, ಬಿಸಿಲಿಗೆ ಕನ್ನಡಿ ಹಿಡಿದಳು. ಅಜ್ಜ ತಡಕಾಡಿ ಹೆಬ್ಬೆಟ್ಟನ್ನು ಟೊಪ್ಪಿಯ ಮೇಲಿಟ್ಟ. ಈಗ ಹಾರಿ ಅಜ್ಜಾ, ಅಂತ ಅವಳು ಹೇಳುವುದರೊಳಗೆ ಮೊದಲನೇ ಬಾವಿಯ ಮೊದಲನೇ ಮೆಟ್ಟಿಲಲ್ಲೇ ಟೊಪ್ಪಿ ಧೊಪ್ಪನೆ ಬಿತ್ತು. ಅಜ್ಜನ ಹೆಬ್ಬೆಟ್ಟಿನ ಗುರುತು ಗಾಜಿನ ಮೇಲೆ ದೊಡ್ಡದಾಗಿ ಮೂಡಿತು. ಅವಳು ಅದನ್ನು ಒರೆಸಲಿಲ್ಲ.

“ಇನ್ನೊಂದ್ಸಲ,” ಅಂದ ಅಜ್ಜ.